ಒಂಬತ್ತನೆಯ ದಿನದ ನೀರು

ಮೀನಿನ ದೋಣಿ ದಡ ಸೇರಿತೆಂದು ಸಾರುವ ಶಂಖ ಬಂದರಿನ ಕಡೆಯಿಂದ ಕೇಳಿದಾಗ ಎನೇರಿಯಾ ತಟ್ಟೆಯಲ್ಲಿ ಕೆಂಪು ಕಾಳು ಹರಡಿಕೊಂಡು ಕಲ್ಲು ಆರಿಸುತ್ತಿದ್ದಳು. ಉದ್ದನೆಯ ಒಂದು ಊದು, ತುಸು ತಡೆದು ಇನ್ನೊಂದು. ತಟ್ಟೆಯನ್ನು ಕೆಳಗಿಟ್ಟು, ತಲೆಗೆ ಬಟ್ಟೆ ಸುತ್ತಿ ಹೊರಟೇಬಿಟ್ಟಳು. ಮೂರು ವರ್ಷದಿಂದ ಹೀಗೆಯೇ. ಮೀನು ಕೊಳ್ಳುವುದಿಲ್ಲ. ದೋಣಿಯಿಂದ ಇಳಿಯುವವರ ಮುಖಗಳನ್ನು ಒಂದೊಂದಾಗಿ ನೋಡಿ ಹಿಂದಿರುಗುತ್ತಾಳೆ. ಮೊದಮೊದಲು ಮೀನುಗಾರರು ಅವಳನ್ನು ಕಂಡು ಮಾತು ನಿಲ್ಲಿಸುತ್ತಿದ್ದರು. ಈಗ ದಡದಲ್ಲಿ ನೆಟ್ಟ ಕಂಬವೊಂದನ್ನು ಬಳಸಿ ಹೋಗುವಂತೆ ಅವಳನ್ನು ಬಳಸಿ ಹೋಗುತ್ತಾರೆ.

ಮೂರು ವರ್ಷದ ಹಿಂದೆ, ಫೆಬ್ರುವರಿಯ ಒಂದು ಸಂಜೆ, ಮಗ ವಿಲ್ಕಿನ್ ಕಾಗದಪತ್ರವಿಲ್ಲದ ಇನ್ನೂ ಹನ್ನೊಂದು ಮಂದಿಯ ಜೊತೆ, ಕೆಲಸ ಹುಡುಕಿಕೊಂಡು ಸೇಂಟ್ ಥಾಮಸ್ ದ್ವೀಪಕ್ಕೆ ಹೊರಟ ಚಿಕ್ಕ ದೋಣಿ ಹತ್ತಿದ್ದ. ಆ ದೋಣಿ ಅಲ್ಲಿಗೂ ಮುಟ್ಟಲಿಲ್ಲ, ಇಲ್ಲಿಗೂ ಬರಲಿಲ್ಲ. ಒಂದು ಹಲಗೆಯೂ ತೇಲಿ ಬರಲಿಲ್ಲ.

ಎನೇರಿಯಾಳ ಅಜ್ಜ ಇದೇ ಆಂಟಿಗಾ ದ್ವೀಪದವನು. ಕಬ್ಬು ಕಡಿಯಲು ಡೊಮಿನಿಕನ್ ನಾಡಿಗೆ ಹೋಗಿ ಅಲ್ಲೇ ಮಣ್ಣಾದ. ಸಾಯುವವರೆಗೂ ಅಲ್ಲಿಯವರು ಅವನನ್ನು ಹೊರಗಿನವನೆಂದೇ ಆಡಿಕೊಂಡರು. ಅಜ್ಜನ ಹುಟ್ಟೂರೆಂದು ನಂಬಿ ಮೊಮ್ಮಗಳು ಇಲ್ಲಿಗೆ ಬಂದರೆ, ಇಲ್ಲಿಯವರು ಅವಳನ್ನು ‘ಸ್ಪ್ಯಾನಿಷ್ ಹೆಂಗಸು’ ಎಂದರು. ಮೂವತ್ತೆರಡು ವರ್ಷ ಹೋಟೆಲಿನ ಹಾಸಿಗೆ ಬಟ್ಟೆ ಒಗೆದಳು. ಆದರೆ ಅವಳು ನಾಲ್ಕು ಜನಕ್ಕೆ ಬೇಕಾದವಳಾದದ್ದು ಬೇರೆ ಕಾರಣಕ್ಕೆ. ಸತ್ತವರಿಗಾಗಿ ಹೇಳುವ ಒಂಬತ್ತು ದಿನದ ಪ್ರಾರ್ಥನೆ, ತಾಯಿಯ ಬಾಯಿಂದ ಕಲಿತದ್ದು, ಪೂರ್ತಿಯಾಗಿ ಅವಳೊಬ್ಬಳಿಗೇ ಬರುತ್ತಿತ್ತು. ಡೊಮಿನಿಕನ್ ನಾಡಿನಿಂದ ಬಂದ ಅವಳ ಜನರ ಯಾವ ಮನೆಯಲ್ಲಿ ಸಾವಾದರೂ ಮೇಜಿಗೆ ಬಿಳಿ ಬಟ್ಟೆ ಹೊದಿಸಿ, ಸತ್ತವರ ಪಟ, ದೀಪ, ಬಾಯಾರಿದ ಜೀವಕ್ಕೆಂದು ಒಂದು ಲೋಟ ನೀರು ಇಟ್ಟು ಅವಳನ್ನು ಕರೆಯುತ್ತಿದ್ದರು. ಒಂಬತ್ತನೆಯ ದಿನ ಬೀಳ್ಕೊಡುವ ಹನ್ನೊಂದು ಸಾಲು ಹೇಳಿ, ದೀಪ ಆರಿಸಿ, ಎಲ್ಲವನ್ನೂ ಕಳಚಿ, ನೀರನ್ನು ಹಿತ್ತಲ ಗಿಡದ ಬುಡಕ್ಕೆ ಹಾಕಬೇಕು. ಆ ಹನ್ನೊಂದು ಸಾಲು ಹೇಳದಿದ್ದರೆ ಜೀವ ಹೊರಡುವುದಿಲ್ಲ. ಉಳಿದವರಿಗೂ ಬಿಡುಗಡೆಯಿಲ್ಲ.

ಎಲ್ಲರ ಮನೆಯ ಸತ್ತವರನ್ನೂ ಕಳಿಸಿಕೊಟ್ಟ ಎನೇರಿಯಾ ಮಗನಿಗೆ ಮಾತ್ರ ದೀಪ ಹಚ್ಚಲಿಲ್ಲ.

ಆ ದಿನ ಬಂದರಿನಿಂದ ಮರಳಿದಾಗ ಸೊಸೆ ದಾಮಾರಿಸ್ ಬಂದು ಅಡುಗೆಮನೆಯಲ್ಲಿ ಕೂತು ಉಳಿದ ಕಾಳು ಆರಿಸುತ್ತಿದ್ದಳು. ಕೂದಲು ಕತ್ತರಿಸುವ ಅಂಗಡಿಯಲ್ಲಿ ಕೆಲಸ ಅವಳದು, ಮೂವತ್ತೊಂದರ ಪ್ರಾಯ.

“ಅಮ್ಮ, ವಿಲ್ಕಿನ್‌ಗೆ ಒಂಬತ್ತು ದಿನ ಮಾಡೋಣ.”

“ಟೈಲ್ಸ್ ಹಾಕೋ ಎಲ್ಪೀದಿಯೊ ಹೇಳಿ ಕಳಿಸಿದ್ನಾ?”

ದಾಮಾರಿಸ್ ತಲೆಯೆತ್ತಲಿಲ್ಲ. “ಅವನು ಮದುವೆಗೆ ಕೇಳಿರೋದು ನಿಜ. ನಾನು ಇನ್ನೂ ಏನೂ ಹೇಳಿಲ್ಲ. ಹೇಳೋಕೆ ನಾನು ಯಾರು ಅಂತ ನಂಗೇ ಗೊತ್ತಿಲ್ಲ. ಹೆಂಡ್ತಿನೂ ಅಲ್ಲ, ವಿಧವೆನೂ ಅಲ್ಲ. ಅಂಗಡೀಲಿ ಜೋರಾಗಿ ನಕ್ಕರೆ ಸಾಕು, ಜನ ನಿಮ್ಮನೆ ಕಡೆ ತಿರುಗಿ ನೋಡ್ತಾರೆ.”

ಎನೇರಿಯಾ ತನ್ನ ಕೊನೆಯ ನೆಪದ ಹಿಂದೆ ನಿಂತಳು. ಹೆತ್ತವಳು ಹೆತ್ತ ಮಗುವಿಗೆ ಈ ಪ್ರಾರ್ಥನೆ ನಡೆಸಬಾರದು, ತಾಯಿ ಕಲಿಸುವಾಗ ಮೊದಲು ಹೇಳಿದ ಕಟ್ಟಳೆಯೇ ಅದು, ಬೇರೆ ಯಾರಿಗೂ ಪ್ರಾರ್ಥನೆ ಬರುವುದಿಲ್ಲ, ಏನು ಮಾಡಲಿ ಎಂದಳು.

“ಹಾಗಾದ್ರೆ ನಂಗೆ ಕಲಿಸಿ,” ಎಂದಳು ದಾಮಾರಿಸ್.

ಈಸ್ಟರ್‌ಗೆ ಮುಂಚಿನ ಉಪವಾಸದ ದಿನಗಳಲ್ಲಿ, ಅಂಗಡಿಗೆ ಗಿರಾಕಿಗಳಿಲ್ಲದ ಮಧ್ಯಾಹ್ನಗಳಲ್ಲಿ ಅವಳು ಬಂದು ಕಲಿತಳು. ಒಮ್ಮೆ ಕೇಳಿದ್ದನ್ನು ಮತ್ತೆ ಹೇಳಿಸಿಕೊಳ್ಳುತ್ತಿರಲಿಲ್ಲ. ತನ್ನ ತಾಯಿಯ ದನಿಯ ಏರಿಳಿತ ಈ ಹುಡುಗಿಯ ಗಂಟಲಿನಿಂದ ಬರುವುದನ್ನು ಕೇಳಿ ಎನೇರಿಯಾಳಿಗೆ ಕಣ್ಣು ತುಂಬುತ್ತಿತ್ತು. ಹನ್ನೊಂದು ಸಾಲಿನ ಮಾತು ಬಂದಾಗ ಮಾತ್ರ, ಅದನ್ನು ಕೊನೆಗೆ ಕಲಿಸಬೇಕು, ಅವಸರ ಮಾಡಬೇಡ ಎಂದಳು. ಪಟವಿಟ್ಟು ದೀಪ ಹಚ್ಚಿದ ಮೊದಲ ದಿನವೂ ಅದನ್ನೇ ಹೇಳಿದಳು. ಐದನೆಯ ದಿನ ತಲೆನೋವೆಂದಳು. ಎಂಟನೆಯ ದಿನ ಸೊಸೆ ಕಾದು ಕಾದು ಎದ್ದು ಹೋದಳು.

ಒಂಬತ್ತನೆಯ ದಿನ ನಾಲ್ಕು ಗಂಟೆಗೆ ಮನೆ ತುಂಬಿತು. ಶುಂಠಿ ಕಷಾಯ, ಬಿಸ್ಕತ್ತು, ಚೀಸು ಕೈಯಿಂದ ಕೈಗೆ ಹೋದವು. ಆಂಟಿಗಾದವಳೇ ಆದ ನೆರೆಮನೆಯ ಮಿಸ್ ಜೋಸಾಯ ಸ್ಪ್ಯಾನಿಷ್‌ನ ಒಂದಕ್ಷರ ತಿಳಿಯದಿದ್ದರೂ ಎಂಟೂ ದಿನ ಬಂದು ಕೂತಿದ್ದಳು. “ನಿಮ್ಮ ದೇವ್ರಿಗೆ ನಮ್ಮ ಮಾತು ಬರುತ್ತೋ ಇಲ್ವೋ, ನಾನಂತೂ ಆಮೆನ್ ಹೇಳೇ ಹೋಗೋಳು,” ಎಂದು ಇವತ್ತೂ ಮುಂದಿನ ಕುರ್ಚಿ ಹಿಡಿದಳು. ಎಲ್ಪೀದಿಯೊ ಒಳಗೆ ಬರದೆ ಬೇಲಿಯ ಬಳಿ ಟೋಪಿ ಕೈಯಲ್ಲಿ ಹಿಡಿದು ನಿಂತಿದ್ದ.

ದಾಮಾರಿಸ್ ತಪ್ಪಿಲ್ಲದೆ ನಡೆಸಿದಳು. ಸಂತರ ಹೆಸರುಗಳು ಮುಗಿದವು. ಅಲ್ಲಿಗೆ ನಿಂತು, ಅತ್ತೆಯ ಕಡೆ ತಿರುಗಿದಳು.

ಎನೇರಿಯಾ ದೀಪವನ್ನೇ ನೋಡುತ್ತಾ ಕೂತಳು. ಯಾರೋ ಕೆಮ್ಮಿದರು. ಹಿಂದಿನ ಸಾಲಿನ ಮುದುಕಿಯೊಬ್ಬಳು ಪಕ್ಕದವಳಿಗೆ, “ಪಾಪ, ವಯಸ್ಸಾಯ್ತು, ಮರೆತೇಹೋಗಿದೆ,” ಎಂದದ್ದು ಎಲ್ಲರಿಗೂ ಕೇಳಿತು. ಹಾಗೆಂದುಕೊಳ್ಳಲಿ ಎಂದು ಎನೇರಿಯಾ ಸುಮ್ಮನಿದ್ದಳು. ಇನ್ನು ಸ್ವಲ್ಪ ಹೊತ್ತು ಹೀಗೆಯೇ ಕೂತರೆ ಜನ ಎದ್ದು ಹೋಗುತ್ತಾರೆ, ದೀಪ ಉರಿಯುತ್ತಲೇ ಇರುತ್ತದೆ, ಮಗ ಹೊರಡುವುದಿಲ್ಲ.

ಆಗ ಅವಳ ಕಣ್ಣು ಲೋಟದ ಮೇಲೆ ಬಿತ್ತು. ನೀರು ಒಂದು ಬೆರಳಿನಷ್ಟು ಇಳಿದಿತ್ತು. ಬೇರೆಯವರ ಮನೆಗಳಲ್ಲಿ ಇದನ್ನು ತೋರಿಸಿ, ನೋಡಿ, ಬಂದು ಕುಡಿದಿದ್ದಾರೆ ಎಂದು ಸಮಾಧಾನ ಹೇಳುತ್ತಿದ್ದವಳು ಅವಳೇ. ಸೆಕೆಗೆ ಆರಿದ ನೀರು ಅದೆಂದು ಒಳಗೊಳಗೆ ತಿಳಿದಿದ್ದವಳೂ ಅವಳೇ. ಇವತ್ತು ಆ ತಿಳಿವಳಿಕೆ ಕೈಗೆ ಸಿಗಲಿಲ್ಲ. ಮಗನ ಸುತ್ತ ಬರೀ ಉಪ್ಪುನೀರು, ಕುಡಿಯಲು ಹನಿಯಿಲ್ಲದೆ ಮೂರು ವರ್ಷ. ಅವನನ್ನು ಅಲ್ಲಿ ಹಿಡಿದಿಟ್ಟವರು ಯಾರು?

ಅವಳು ಎದ್ದು ಹೋಗಿ ಸೊಸೆಯ ಬೆನ್ನ ಹಿಂದೆ ನಿಂತು, ಕಿವಿಯ ಬಳಿ ಬಾಗಿ, ಮೊದಲ ಸಾಲನ್ನು ಪಿಸುಗುಟ್ಟಿದಳು. ದಾಮಾರಿಸ್ ಅದನ್ನು ಗಟ್ಟಿಯಾಗಿ ಹೇಳಿದಳು. ಎರಡನೆಯದು. ಮೂರನೆಯದು. ಏಳನೆಯ ಸಾಲಿಗೆ ದಾಮಾರಿಸಳ ದನಿ ಒಡೆಯಿತು. ಎನೇರಿಯಾ ಕಾದಳು, ಮತ್ತೆ ಅದೇ ಸಾಲು ಕೊಟ್ಟಳು. ಹನ್ನೊಂದೂ ಮುಗಿದ ಮೇಲೆ ಮಿಸ್ ಜೋಸಾಯ ಆಮೆನ್ ಎಂದಳು. ದೀಪ ಆರಿತು. ಹೆಂಗಸರು ಅತ್ತರು. ಬಿಳಿ ಬಟ್ಟೆಯನ್ನು ಮಡಿಸಿದರು.

ಜನ ಚದುರಿದ ಮೇಲೆ ಮೆಟ್ಟಿಲ ಬಳಿ ಎನೇರಿಯಾ ಲೋಟ ಹಿಡಿದು ನಿಂತಿದ್ದಳು.

“ಅಮ್ಮ, ಒಂದು ಮಾತು ಕೇಳ್ಲಾ? ನಿಜವಾಗ್ಲೂ ಮರೆತಿದ್ರಾ?”

“ಇಲ್ಲ.”

“ಮತ್ತೆ ನಂಗ್ಯಾಕೆ ಇಷ್ಟು ದಿನ...”

ಬಂದರಿನ ಕಡೆಯಿಂದ ಶಂಖದ ಊದು ಕೇಳಿತು. ಹೊತ್ತು ಇಳಿದ ಮೇಲೆ ಬಂದ ಇನ್ನೊಂದು ದೋಣಿ. ಎನೇರಿಯಾ ಲೋಟದ ಬಾಯಿಗೆ ಅಂಗೈ ಮುಚ್ಚಿಕೊಂಡು ಮೆಟ್ಟಿಲಿಳಿದಳು. ಬೇಲಿಯ ಬಳಿ ಎಲ್ಪೀದಿಯೊ ಸರಿದು ದಾರಿ ಬಿಟ್ಟ.

“ಅದನ್ನ ಗಿಡದ ಬುಡಕ್ಕೆ ಹಾಕ್ಬೇಕು ಅಂತ ನೀವೇ ಹೇಳ್ಕೊಟ್ಟಿದ್ದಲ್ವಾ,” ಎಂದು ದಾಮಾರಿಸ್ ಹಿಂದಿನಿಂದ ಕೂಗುತ್ತಿದ್ದಳು. “ಅಮ್ಮ, ಹಿತ್ತಲು ಈ ಕಡೆ. ಅಷ್ಟು ದೂರ ಹೊತ್ಕೊಂಡು ಹೋದ್ರೆ ಅದು...”

ಎನೇರಿಯಾ ಆಗಲೇ ರಸ್ತೆ ದಾಟಿದ್ದಳು. ನೀರು ತುಳುಕದಂತೆ ನಿಧಾನವಾಗಿ ನಡೆಯುತ್ತಿದ್ದಳು.