ಕೆನ್ನೆಯ ಕಲೆಗೆ ಹೂಡಿದ ಅಪೀಲು

ರಾಜಾಜಿನಗರದಲ್ಲಿ ಆಗ ಮನೆಗಳಿಗಿಂತ ಖಾಲಿ ಸೈಟುಗಳೇ ಹೆಚ್ಚು. ಅಪ್ಪ ಮಾಗಡಿ ರಸ್ತೆಯ ಒಂದು ಬಟ್ಟೆ ಗಿರಣಿಯಲ್ಲಿ ಕೆಲಸಕ್ಕಿದ್ದರು. ನಾನು ಎಸ್ಸೆಸ್ಸೆಲ್ಸಿ ಮುಗಿಸಿ ಟೈಪಿಂಗ್ ಕಲಿಯುತ್ತಿದ್ದೆ. ನೋಡಲು ಚೆನ್ನಾಗಿದ್ದೇನೆಂದು ಯಾರೂ ಹೇಳಿರಲಿಲ್ಲ. ಹೇಳಲು ಸಂಕೋಚ ಪಡುತ್ತಾರೆಂದು ನಾನು ನಂಬಿಕೊಂಡಿದ್ದೆ.

ಒಂದು ಸಂಜೆ ಕ್ಲಾಸಿನಿಂದ ಬರುವಾಗ, ಸುಂಕದಕಟ್ಟೆ ಕಡೆಯಿಂದ ಕಲ್ಲು ಹೇರಿಕೊಂಡು ಬಂದ ಲಾರಿಯೊಂದು ಎತ್ತಿನ ಗಾಡಿಯನ್ನು ದಾಟಲು ಹೋಗಿ ರಸ್ತೆಯಂಚಿಗೆ ನುಗ್ಗಿ, ನನ್ನನ್ನು ಜಲ್ಲಿ ರಾಶಿಯ ಮೇಲೆ ಕೆಡವಿತು. ಬಲಭುಜದ ಮೂಳೆ ಮುರಿಯಿತು. ಎಡಗೆನ್ನೆ ಹರಿದು ಹೊಲಿಗೆ ಬಿತ್ತು. ಆಸ್ಪತ್ರೆಯಲ್ಲಿ ಎಚ್ಚರವಾದಾಗ ಅಮ್ಮ ನೀರು ಬೇಕಾ ಎಂದು ಕೇಳಿದಳು. ನಾನು ಕನ್ನಡಿ ಬೇಕು ಅಂದೆ.

ಅಪ್ಪ ಲಾರಿ ಮಾಲೀಕನ ಮೇಲೆ ಪರಿಹಾರಕ್ಕೆ ದಾವೆ ಹೂಡಿದರು. ಕೋರ್ಟು ಕೊಡಿಸಿದ್ದು ಔಷಧಿಯ ಖರ್ಚಿಗೇ ಸರಿಹೋಯಿತು.

"ಅಪೀಲು ಹಾಕೋಣ," ಅಂದರು ಮನೆಗೆ ಬಂದ ನಮ್ಮ ವಕೀಲರು. "ಮೂಳೆ ಕೂಡ್ಕೊಂಡಿದೆಯಲ್ಲ ಅಂತಾರ್ರೀ. ಆದ್ರೆ ಮುಖ ಹಾಳಾದ್ರೆ ಹೆಣ್ಣುಮಗಳ ಮದುವೆ ಹೆಂಗಾಗತ್ತೆ? ಅದನ್ನೇ ಹಿಡ್ಕೊಳೋಣ."

ಅಪ್ಪ ತಲೆಯಾಡಿಸಿದರು. ನಾನು ಒಳಕ್ಕೆ ಹೋಗಿ ಅತ್ತೆ.

ವಿಚಾರಣೆಯ ದಿನ ನನ್ನನ್ನೂ ಕರೆತರಲು ವಕೀಲರು ಹೇಳಿದ್ದರು. ಮುಖಕ್ಕೆ ಏನೂ ಹಚ್ಚಬಾರದೆಂದು ತಾಕೀತೂ ಮಾಡಿದ್ದರು. ನಾನು ಸ್ನೋ ಹಚ್ಚಿ, ಅದರ ಮೇಲೆ ಪೌಡರ್ ಮೆತ್ತಿಕೊಂಡು ಬಸ್ಸು ಹತ್ತಿದೆ. ಅಪ್ಪ ಅದನ್ನು ಸರಿಯಾಗಿ ನೋಡಿದ್ದು ಕೋರ್ಟಿನ ಬಾಗಿಲ ಬಿಸಿಲಿನಲ್ಲಿ.

"ಲೇ, ಏನೇ ಇದು? ನಾಟಕಕ್ಕೆ ಬಂದಿದೀಯಾ? ಹೋಗಿ ತೊಳ್ಕೊ!"

ಹೋಗಿ ಬಂದು, "ನಲ್ಲೀಲಿ ನೀರಿಲ್ಲಪ್ಪ," ಎಂದೆ. ನಲ್ಲಿ ಎಲ್ಲಿದೆಯೆಂದು ನಾನು ಹುಡುಕಿಯೂ ಇರಲಿಲ್ಲ.

ಒಳಗೆ ನಮ್ಮ ವಕೀಲರು ಇಂಗ್ಲಿಷಿನಲ್ಲಿ ನನ್ನ ಮುಖವನ್ನು ಬಣ್ಣಿಸಿದರು. ಹೈಸ್ಕೂಲಿನಲ್ಲಿ ಇಂಗ್ಲಿಷನ್ನು ಅಷ್ಟು ಶ್ರದ್ಧೆಯಿಂದ ಯಾಕಾದರೂ ಕಲಿತೆನೋ ಅನಿಸಿತು. ವಿಕಾರ ಎಂದರು, ಇನ್ನು ಇವಳನ್ನು ಯಾರೂ ಒಪ್ಪಲಾರರು ಎಂದರು. ಆಮೇಲೆ ಲಾರಿ ಮಾಲೀಕನ ವಕೀಲರು ಎದ್ದರು. ಹುಡುಗಿ ಲಕ್ಷಣವಾಗಿದ್ದಾಳೆ, ಕಲೆ ಎಲ್ಲಿದೆಯೆಂದು ಹುಡುಕಬೇಕು ಎಂದರು. ಅಷ್ಟು ಜನರಲ್ಲಿ ಕಣ್ಣಿದ್ದವರು ಅವರೊಬ್ಬರೇ ಎಂದು ನನಗೆ ಖಾತ್ರಿಯಾಯಿತು. ಅವರನ್ನು ನೋಡಿ ನಕ್ಕೂಬಿಟ್ಟೆ. ಅಪ್ಪ ನನ್ನ ಕಾಲು ತುಳಿದರು.

ಜಡ್ಜ್ ಸಾಹೇಬರು ನನ್ನನ್ನು ಹತ್ತಿರ ಕರೆದು ಕನ್ನಡದಲ್ಲೇ ಮಾತಾಡಿಸಿದರು. "ಕೆನ್ನೆ ತೋರಿಸಮ್ಮ."

ಬಲಗೆನ್ನೆ ತೋರಿಸಿದೆ.

"ಅದಲ್ಲ, ಇನ್ನೊಂದು."

ಹಿಂದಿನಿಂದ ಯಾರೋ ಕಿಸಕ್ಕೆಂದರು. ಜಡ್ಜ್ ಸಾಹೇಬರು ಮಾತ್ರ ನಗಲಿಲ್ಲ. "ಈಗ ಏನ್ ಮಾಡ್ಕೊಂಡಿದೀಯಮ್ಮ?"

"ಟೈಪಿಂಗ್ ಕಲೀತಿದ್ದೆ ಸಾರ್. ಬಿಟ್ಬಿಟ್ಟೆ."

"ಯಾಕೆ?"

"ಸ್ವಲ್ಪ ಹೊತ್ತು ಹೊಡೆದ್ರೆ ಭುಜ ಸೆಳೆಯತ್ತೆ. ಕೈ ಪೂರ್ತಿ ಮೇಲಕ್ಕೆ ಏಳಲ್ಲ."

"ಎತ್ತು, ನೋಡೋಣ."

ಎತ್ತಿದೆ. ಕೈ ಕಿವಿಯ ಮಟ್ಟಕ್ಕೆ ಬಂದು ನಿಂತುಕೊಂಡಿತು. ಅಪಘಾತವಾದಾಗಿನಿಂದ ನನಗೆ ತಲೆ ಬಾಚಿ ಜಡೆ ಹಾಕುತ್ತಿದ್ದವಳು ಅಮ್ಮ. ಆ ಕೈಗಾಗಿ ನಾನು ಒಂದು ದಿನವೂ ಅತ್ತಿರಲಿಲ್ಲ. ನನ್ನ ಅಳುವೆಲ್ಲ ಕೆನ್ನೆಗೇ ಖರ್ಚಾಗಿತ್ತು. ಆ ಕೈಯನ್ನು ಎತ್ತಿ ಹಿಡಿದು ಎಲ್ಲರೆದುರು ನಿಂತಾಗ ಮೊದಲ ಬಾರಿ ಹೆದರಿಕೆಯಾಯಿತು.

ಜಡ್ಜ್ ಸಾಹೇಬರು ಡಾಕ್ಟರ ವರದಿಯನ್ನು ತೆರೆಸಿ, ಈ ಮಾತನ್ನು ಯಾಕೆ ಎತ್ತಲಿಲ್ಲವೆಂದು ನಮ್ಮ ವಕೀಲರನ್ನು ಕೇಳಿದರು.

"ಅದಕ್ಕೇ ಬರ್ತಾ ಇದ್ದೆ ಸ್ವಾಮಿ," ಎಂದು ಅವರು ಕೆಮ್ಮಿದರು.

ತೀರ್ಪು ಬಂದ ಮೇಲೆ ವಕೀಲರು ತಮ್ಮ ಆಫೀಸಿನಲ್ಲಿ ಅದನ್ನು ಓದಿ ಹೇಳಿದರು. "ಕೆನ್ನೆ ವಿಷಯ ಒಪ್ಪಿಲ್ಲ. ನೋಟಕ್ಕೆ ಏನೂ ಕುಂದಾಗಿಲ್ಲ ಅಂದಿದಾರೆ. ಆದ್ರೆ ಭುಜಕ್ಕೆ ಚೆನ್ನಾಗೇ ಹೆಚ್ಚಿಸಿದಾರೆ ಕಣ್ರೀ."

ಅಪ್ಪ ಕೈಮುಗಿದರು.

"ಸಾರ್, ಆ ಸಾಲು ಇನ್ನೊಂದ್ಸಲ ಓದ್ತೀರಾ?" ಎಂದೆ.

"ಭುಜದ್ದಾ?"

"ಅಲ್ಲ, ಅದರ ಹಿಂದಿಂದು."

"ಅದು ನಾವು ಸೋತಿರೋ ಭಾಗ ಕಣಮ್ಮ," ಎಂದು ಗೊಣಗುತ್ತಲೇ ಓದಿದರು.

ಹೆಚ್ಚಿಗೆ ಬಂದ ದುಡ್ಡಿನಲ್ಲಿ ಅಪ್ಪ ನನ್ನನ್ನು ಟೀಚರ್ ಟ್ರೈನಿಂಗಿಗೆ ಸೇರಿಸಿದರು. ನಮ್ಮ ಬಡಾವಣೆಯ ಶಾಲೆಯಲ್ಲೇ ಕೆಲಸ ಸಿಕ್ಕಿತು. ಕಪ್ಪುಹಲಗೆಯ ಮೇಲರ್ಧಕ್ಕೆ ನನ್ನ ಕೈ ಎಟುಕುತ್ತಿರಲಿಲ್ಲ. ಕೆಳಗೆ ಬರೆದದ್ದು ಕಾಣದೆ ಹಿಂದಿನ ಸಾಲಿನ ಮಕ್ಕಳು ಬೆಂಚಿನ ಮೇಲೆ ಹತ್ತಿ ನಿಲ್ಲುತ್ತಿದ್ದರು. ಹೆಡ್ಮಿಸ್ಸು ಗದ್ದಲ ಕೇಳಿ ಬಂದು ನೋಡಿದರು. ನಾನು ಹತ್ತಿ ನಿಂತು ಬರೆಯಲು ಹಲಗೆಯ ಉದ್ದಕ್ಕೂ ಒಂದು ಕಟ್ಟೆ ಕಟ್ಟಿಸಿದರು.