ಮಗಳಿಗಾಗಿ ಹಾಕಿದ ಅರ್ಜಿ

ನಮ್ಮ ವಕೀಲರು ಎದ್ದು ನಿಂತು, ಅರ್ಜಿಯನ್ನು ಹಿಂದಕ್ಕೆ ಪಡೆಯುತ್ತೇವೆ ಎಂದು ಮರಾಠಿಯಲ್ಲಿ ಹೇಳಿದರು. ಪುಣೆಯಲ್ಲೇ ಬೆಳೆದವಳು ನಾನು, ಮರಾಠಿ ಚೆನ್ನಾಗಿ ಬರುತ್ತಿತ್ತು. ಆದರೂ ಕಿವಿಗೆ ಏನೋ ತಪ್ಪಾಗಿ ಬಿತ್ತು ಅಂದುಕೊಂಡೆ.

ಗಂಡ ತೀರಿಕೊಂಡ ಮೇಲೆ ನಾಲ್ಕು ವರ್ಷದ ಮಗಳೊಂದಿಗೆ ತವರಿಗೆ ಬಂದಿದ್ದೆ. ಧಾರವಾಡದ ಕಡೆಯಿಂದ ಬಂದ ಅಪ್ಪ ಇಲ್ಲಿ ಅಂಚೆ ಗುಮಾಸ್ತರು. ದೀಪಾವಳಿಗೆ ಗಂಡನ ಅಣ್ಣ ಬಂದು, ಎಂಟು ದಿನದಲ್ಲಿ ಕಳಿಸುತ್ತೇವೆಂದು ಹೇಳಿ ಮಗಳನ್ನು ತಮ್ಮೂರು ಭೋರಿಗೆ ಕರೆದೊಯ್ದರು. ಕಳಿಸಲಿಲ್ಲ. ಕೇಳಲು ಹೋದ ಅಪ್ಪನಿಗೆ, "ನಮ್ಮ ಮನೆತನದ ಕೂಸು, ನಮ್ಮಲ್ಲೇ ಬೆಳೀತದ" ಎಂದು ಹೊಸ್ತಿಲಲ್ಲೇ ಹೇಳಿಬಿಟ್ಟರು. ಅದಕ್ಕಾಗಿಯೇ ಪುಣೆಯ ಕೋರ್ಟಿನಲ್ಲಿ ಅರ್ಜಿ ಹಾಕಿದ್ದೆವು.

ನಾನು ಬಾಕಿನಿಂದ ಎದ್ದು ಕನ್ನಡದಲ್ಲೇ ಕೂಗಿದೆ: "ನನ್ನ ಮಗಳನ್ನ ಬಿಟ್ಟುಕೊಡ್ಲಿಕ್ಕೆ ನೀವ್ಯಾರ್ರೀ?"

ಎಲ್ಲರೂ ತಿರುಗಿ ನೋಡಿದರು. ಭಾವ ಆಗಲೇ ಕೊಡೆ ಎತ್ತಿಕೊಂಡು ಹೊರಟಿದ್ದರು. ನ್ಯಾಯಾಧೀಶರು ಏನೋ ಬರೆದು ಮುಂದಿನವರನ್ನು ಕರೆಸಿದರು. ಅಪ್ಪ ರಟ್ಟೆ ಹಿಡಿದು ಹೊರಗೆ ಕರೆತಂದರು.

ವಕೀಲರು ಬೆಳಗಾವಿಯವರು, ವಯಸ್ಸಾದವರು. ಕಟ್ಟೆ ತೋರಿಸಿ "ಕೂಡವಾ ತಂಗಿ" ಎಂದರು. "ಭೋರ್ ಅಂದ್ರ ಸಂಸ್ಥಾನ. ಇಲ್ಲಿನ ಕೋರ್ಟಿನ ಹುಕುಂ ಅಲ್ಲಿ ನಡಿಯೂದಿಲ್ಲ. ಇವತ್ತ ಅರ್ಜಿ ವಜಾ ಆಗಿದ್ರ ಅದೇ ಕಾಗದ ಹಿಡಕೊಂಡು ಅವರು ಗೆದ್ದೀವಿ ಅಂತಿದ್ರು. ಹಿಂದಕ್ಕ ತಗೊಂಡ್ರ ಸೋತಂಗಲ್ಲ. ಮತ್ತ ಹಾಕಲಿಕ್ಕೆ ಪರವಾನಗಿ ಸಿಕ್ಕೇದ. ಭೋರಿನ ಕೋರ್ಟಿಗೇ ಹೋಗೂಣು."

"ನನಗ್ಯಾಕ ಮೊದಲ ಹೇಳಲಿಲ್ರೀ?"

"ನಿಮ್ಮ ತಂದೆಯವರಿಗೆ ನಿನ್ನೆನೇ ಹೇಳೇನಲ್ಲ."

ಅಪ್ಪನ ಕಡೆ ನೋಡಿದೆ. ಬೆಳಿಗ್ಗೆ ನನ್ನೆದುರು ಕುಳಿತು ಅವಲಕ್ಕಿ ತಿಂದಿದ್ದರು, ಟಾಂಗಾದಲ್ಲಿ ಪಕ್ಕದಲ್ಲೇ ಕುಳಿತು ಬಂದಿದ್ದರು. "ನೀ ಅಳತೀ ಅಂತ ಹೇಳಲಿಲ್ಲವ್ವಾ" ಎಂದರು. ಅರ್ಜಿ ಹೋದದ್ದಕ್ಕಿಂತ ಆ ಮಾತೇ ನನ್ನನ್ನು ಹೆಚ್ಚು ಕಂಗೆಡಿಸಿತು.

ಮಳೆಗಾಲ ಶುರುವಾಗುವ ಹೊತ್ತಿಗೆ ಭೋರಿನ ಕೋರ್ಟಿನಲ್ಲಿ ನಮ್ಮ ಹೊಸ ಅರ್ಜಿ ವಿಚಾರಣೆಗೆ ಬಂತು. ಮಗಳನ್ನು ಕರೆತಂದಿದ್ದರು. ನಾನು ಅವಳಿಗೆ ನಾಲ್ಕು ಹೆಜ್ಜೆ ದೂರದಲ್ಲಿ ನಿಂತಿದ್ದೆ. ಅವಳು ನನ್ನನ್ನು ಕಂಡು ಭಾವನ ಹೆಂಡತಿಯ ಸೆರಗಿನ ಹಿಂದೆ ಸರಿದಳು.

ನ್ಯಾಯಾಧೀಶರು ಅವಳನ್ನು ಹತ್ತಿರ ಕರೆದು, ನಿನ್ನ ತಾಯಿ ಎಲ್ಲಿ ಎಂದು ಮೆಲ್ಲಗೆ ಕೇಳಿದರು.

"ಸತ್ತುಹೋಗ್ಯಾಳ" ಎಂದಳು ಮಗಳು. "ದೊಡ್ಡಪ್ಪ ಹೇಳ್ಯಾರ."

ಯಾರೋ ಆ ಮಾತನ್ನು ಮರಾಠಿಗೆ ತಿರುಗಿಸಿದರು. ನ್ಯಾಯಾಧೀಶರು ಲೇಖನಿ ಕೆಳಗಿಟ್ಟು ಭಾವನನ್ನು ನೋಡಿದರು. ಭಾವ ತಲೆ ತಗ್ಗಿಸಿದರು. ಅಂದೇ ಮಗಳನ್ನು ನನಗೆ ಒಪ್ಪಿಸಬೇಕೆಂದು ಹುಕುಂ ಆಯಿತು.

ಮೋಟಾರು ಬಸ್ಸಿನಲ್ಲಿ ಮರಳುವಾಗ ಅವಳು ನನ್ನನ್ನು ಮುಟ್ಟಲಿಲ್ಲ. ಸತ್ತವಳು ಹೇಗೆ ಬಂದಳೆಂಬ ಭಯ ಕಣ್ಣಲ್ಲಿತ್ತು. ನನ್ನ ಅಪ್ಪನಿಗೆ ಅಂಟಿಕೊಂಡೇ ಕುಳಿತಳು. ಮನೆಯಲ್ಲೂ ಎರಡು ದಿನ ದೂರದಿಂದಲೇ ನೋಡಿದಳು. ಮೂರನೆಯ ದಿನ ಬಾಚಣಿಗೆ ತಂದು ನನ್ನ ಕೈಗಿಟ್ಟು, ಬೆನ್ನು ತಿರುಗಿಸಿ ಕುಳಿತಳು.