ಕಂಡದ್ದು, ಹೇಳಿಕೊಟ್ಟದ್ದು

ಇನ್ನೂ ಪೂರ್ತಿ ಬೆಳಕಾಗಿಲ್ಲ. ಚಿಕ್ಕಬಳ್ಳಾಪುರದ ಕೋರ್ಟಿನ ಜಗಲಿಗೆ ನೀರು ಚಿಮುಕಿಸಿ ಅಕ್ಕಯ್ಯಮ್ಮ ಗುಡಿಸುತ್ತಿದ್ದಾರೆ. ನಾನು ಮೆಟ್ಟಿಲು ಹತ್ತಹೋದರೆ ಪೊರಕೆ ಅಡ್ಡ ಬರುತ್ತದೆ. "ಅಲ್ಲೇ ನಿಂತ್ಕೊಳ್ಳಪ್ಪ, ಒಣಗ್ಲಿ." ಬಂದವರು ವಕೀಲರಾದರೂ ಅಷ್ಟೇ, ಅಮಲ್ದಾರರಾದರೂ ಅಷ್ಟೇ. ತೆಪ್ಪಗೆ ನಿಂತೆ.

ಇವರು ನಗರಗೆರೆ ಕಡೆಯವರು. ಗಂಡ ಪಿಳ್ಳಪ್ಪ ಇದೇ ಕೋರ್ಟಿನಲ್ಲಿ ಜವಾನರಾಗಿದ್ದರು. ಅವರು ತೀರಿಕೊಂಡ ಮೇಲೆ ಅಕ್ಕಯ್ಯಮ್ಮನಿಗೆ ಗುಡಿಸುವ ಕೆಲಸ ಸಿಕ್ಕಿತು, ಮಕ್ಕಳನ್ನು ಸಾಕಿ ದಡ ಹತ್ತಿಸಿದ್ದು ಅದರಲ್ಲೇ. ಆದರೆ ಪತ್ರಿಕೆಗೆ ಬರೆಯುವ ನಾನು ಬಸ್ಸು ಹಿಡಿದು ಬಂದದ್ದು ಪೊರಕೆ ನೋಡಲಿಕ್ಕಲ್ಲ. ಸಾಕ್ಷಿ ಹೇಳಲು ಬರುವ ಮಕ್ಕಳನ್ನು, ಒಳಗಿನಿಂದ ಕರೆ ಬರುವವರೆಗೂ ನೋಡಿಕೊಳ್ಳುವವರು ಇವರೇ. ಆ ಕೆಲಸ ಮಾಡೆಂದು ಸರ್ಕಾರ ಇವರಿಗೆ ಯಾವತ್ತೂ ಹೇಳಿಲ್ಲ.

ಹಿತ್ತಲಿನ ಹೊಂಗೆ ಮರದಡಿ ಮಗುವನ್ನು ಕೂರಿಸಿ, ಮುಂದೆ ಅವರೆಕಾಯಿ ಸುರಿಯುತ್ತಾರೆ. ಇಬ್ಬರೂ ಸುಲಿಯುತ್ತಾರೆ. ತೆಲುಗು ಮಗುವಾದರೆ ತೆಲುಗಿನಲ್ಲೇ ಹರಟೆ. ಕೇಸಿನ ಸುದ್ದಿ ಮಾತ್ರ ಎತ್ತುವಂತಿಲ್ಲ. ಅಪ್ಪ, ಅಮ್ಮ, ಪೊಲೀಸರು, ಯಾರೂ ಹತ್ತಿರ ಸುಳಿಯುವಂತಿಲ್ಲ.

"ಯಾಕಮ್ಮ ಅಷ್ಟು ಬಿಗಿ?" ಎನ್ನುತ್ತೇನೆ.

"ನಮ್ಮೋರ ಬುದ್ಧಿ ನಿಮಗೆ ಗೊತ್ತಿಲ್ವೇನಪ್ಪ? ನೆಂಟರ ಮನೆಗೆ ಹೋಗೋವಾಗ, ಊಟ ಆಯ್ತಾ ಅಂದ್ರೆ ಆಯ್ತು ಅನ್ನು ಅಂತ ಮಗೂಗೆ ಹೇಳಿಕೊಟ್ಟೇ ಕರ್ಕೊಂಡೋಗ್ತೀವಿ. ಕೋರ್ಟಿಗೂ ಹಂಗೇ ಕರ್ಕೊಂಬರ್ತಾರೆ. ಪ್ರೀತಿಗೇ ಮಾಡೋದು. ಆದ್ರೆ ನಿಜಾನೂ ಬಾಯಿಪಾಠ ಮಾಡಿಸಿದ್ರೆ ಸುಳ್ಳಿನ ಥರ ಕೇಳ್ಸುತ್ತೆ."

ಎರಡು ವರ್ಷದ ಹಿಂದೆ, ೧೯೬೨ರಲ್ಲಿ, ಪೆರೇಸಂದ್ರದ ಚಿಕ್ಕವೆಂಕಟಪ್ಪ ಮಾಡಿದ್ದೂ ಇದೇ ತಪ್ಪು. ಅವರ ಪುಟ್ಟ ಮಗಳು ಹೊಲದಲ್ಲಿ ಒಬ್ಬಳೇ ಇದ್ದಾಗ ಯಾರೋ ಒಬ್ಬ ಅವಳ ಕಿವಿಯ ಓಲೆ ಕಿತ್ತುಕೊಂಡು ಹೋದ. ಕಿವಿ ಹರಿಯಿತು. ಹುಡುಗಿ ಅವನ ಕೈ ಕಚ್ಚಿದಳು, ಭಲೇ ಹುಡುಗಿ. ಅವನ ಹೆಸರು ಅವಳಿಗೆ ಗೊತ್ತಿರಲಿಲ್ಲ. ಕಳ್ಳ ಯಾರೆಂದು ಊರವರಿಂದ ತಿಳಿದ ಅಪ್ಪ, ಹೆಸರನ್ನು ಮಗಳಿಗೆ ಉರು ಹೊಡೆಸಿ ಕೋರ್ಟಿಗೆ ಕರೆತಂದರು.

ಹೊಂಗೆ ಮರದಡಿ ಹುಡುಗಿ ಕೇಳಿದಳು: "ಅಜ್ಜಿ, ಅಪ್ಪ ಹೇಳಿಕೊಟ್ಟಿದ್ದು ಮರ್ತೋದ್ರೆ ಹೊಡೀತಾರಾ?"

ಅಕ್ಕಯ್ಯಮ್ಮ ತಮ್ಮ ಕಟ್ಟುಪಾಡನ್ನು ಅವತ್ತೊಂದು ದಿನ ಮುರಿದರು. "ಕಂಡಿದ್ದನ್ನ ಕಂಡೆ ಅನ್ನು. ಹೇಳಿಕೊಟ್ಟಿದ್ದನ್ನ ಹೇಳಿಕೊಟ್ರು ಅನ್ನು. ಯಾರೂ ಹೊಡಿಯಲ್ಲ ಕಣಮ್ಮ."

ಹುಡುಗಿ ಕಟಕಟೆಯಲ್ಲಿ ಹಾಗೇ ಹೇಳಿದಳು. ಓಲೆ ಕಿತ್ತವನು ಇವನೇ, ನಾನು ಕಚ್ಚಿದ್ದು ಇವನ ಕೈಯೇ, ಹೆಸರು ಮಾತ್ರ ಅಪ್ಪ ಹೇಳಿಕೊಟ್ಟಿದ್ದು. ಮ್ಯಾಜಿಸ್ಟ್ರೇಟರು ನಂಬಿ ಶಿಕ್ಷೆ ಕೊಟ್ಟರು. ಅವನು ಕೋಲಾರದ ಜಿಲ್ಲಾ ಕೋರ್ಟಿಗೆ ಅಪೀಲು ಹೋದ. ಹೇಳಿಕೊಟ್ಟರೆಂದು ಮಗುವೇ ಒಪ್ಪಿಕೊಂಡಿದೆ, ಇನ್ನು ನಂಬುವುದೇನಿದೆ ಎಂಬುದು ಅವನ ವಕೀಲರ ವಾದ.

ಚಿಕ್ಕವೆಂಕಟಪ್ಪ ನೇರ ಬಂದು ಅಕ್ಕಯ್ಯಮ್ಮನ ಮೇಲೆ ಹರಿಹಾಯ್ದರು. "ಕೇಸು ಕೆಡಿಸ್ಬಿಟ್ಟಲ್ಲಮ್ಮ. ಅವ್ನು ಬಿಡುಗಡೆ ಆಗಿ ಊರಿಗೆ ಬಂದ್ರೆ ನನ್ ಮಗಳು ಹೊಲಕ್ಕೆ ಹೆಂಗೆ ಹೋಗ್ತಾಳೆ?"

"ಕೋಲಾರದ ತೀರ್ಪು ಬರೋವರ್ಗೂ ದಿನಾ ಅದೇ ಯೋಚ್ನೆ," ಎನ್ನುತ್ತಾರೆ ಅಕ್ಕಯ್ಯಮ್ಮ. "ಆದ್ರೂ ಇನ್ನೊಂದು ಮಗು ಕೇಳಿದ್ರೆ ಅದನ್ನೇ ಹೇಳ್ತಿದ್ದೆ. ಬೇರೆ ಏನು ಹೇಳಕ್ಕಾಗ್ತಿತ್ತು?"

ಕೋಲಾರದ ನ್ಯಾಯಾಧೀಶರು ಹೆಸರಿನ ಮಾತನ್ನು ಬದಿಗಿಟ್ಟರು. ಉಳಿದದ್ದನ್ನು ಒಂದೊಂದಾಗಿ ತೂಗಿದರು. ಆರೋಪಿಯ ಕೈಯಲ್ಲಿ ಹಲ್ಲಿನ ಗಾಯ ಇದ್ದುದನ್ನು ಡಾಕ್ಟರು ಬರೆದಿದ್ದರು. ಓಲೆ ಅವನ ಮನೆಯ ಅಟ್ಟದ ಮೇಲೆ, ಪಂಚರ ಎದುರಿಗೇ ಸಿಕ್ಕಿತ್ತು. ಹೇಳಿಕೊಟ್ಟದ್ದು ಯಾವುದೆಂದು ತಾನೇ ಬಿಡಿಸಿ ಹೇಳುವ ಮಗು ಮಿಕ್ಕದ್ದನ್ನು ಕಟ್ಟಿ ಹೇಳಿದೆ ಎನ್ನಲು ಕಾರಣ ಕಾಣುವುದಿಲ್ಲ ಎಂದು ಶಿಕ್ಷೆಯನ್ನು ಕಾಯಂ ಮಾಡಿದರು. ನನಗಂತೂ ಕೇಳಿ ಹೊಟ್ಟೆ ತಣ್ಣಗಾಯಿತು.

ಆಮೇಲೊಂದು ದಿನ ಚಿಕ್ಕವೆಂಕಟಪ್ಪ ಒಂದು ಚೀಲ ಕಡಲೆಕಾಯಿ ಹೊತ್ತು ತಂದರಂತೆ. ಕೋರ್ಟಿನವಳು ಕೇಸಿನವರ ವಸ್ತು ಮುಟ್ಟಬಾರದೆಂದು ಇವರು ವಾಪಸು ಹೊರಿಸಿ ಕಳಿಸಿದರಂತೆ.

ಜಗಲಿ ಒಣಗಿದೆ. ನಿಮಗೇನಾದರೂ ಆಸೆ ಇದೆಯೇ ಎಂದು ಕೇಳುತ್ತೇನೆ. ಅಕ್ಕಯ್ಯಮ್ಮ ಸೆರಗಿನಲ್ಲಿ ಮುಖ ಒರೆಸಿಕೊಳ್ಳುತ್ತಾರೆ.

"ನಂಗೇನಪ್ಪ ಆಸೆ. ಆ ಮಗು ದೊಡ್ಡೋಳಾದ್ಮೇಲೆ ನನ್ನ ಮರೀಲಿ ಬಿಡಿ. ಅಷ್ಟು ದೊಡ್ಡೋರೆಲ್ಲ ಕೂತ್ಕೊಂಡು ತನ್ನ ಮಾತು ನಂಬಿದ್ರು ಅನ್ನೋದು ಮಾತ್ರ ಅದಕ್ಕೆ ನೆನಪಿರ್ಲಿ."